ಬೆಟ್ಟಕ್ಕೆ ಬಾಗಿಲು ತೆರೆದ ವೆನೆರಾ

ಎಟ್ನಾ ಅನ್ನುವುದು ನಕಾಶೆಯವರ ಮಾತು. ಅದರ ಮಡಿಲಲ್ಲಿ ಹುಟ್ಟಿದ ವೆನೆರಾಳಿಗೆ ಅದು ಬರೀ ಬೆಟ್ಟ, ಅದೂ ಹೆಣ್ಣು. ಸಿಟ್ಟು ಬಂದರೆ ಬೆಂಕಿ ಉಗುಳುತ್ತಾಳೆ, ತಣ್ಣಗಾದರೆ ದ್ರಾಕ್ಷಿ ಕೊಡುತ್ತಾಳೆ.

ವೆನೆರಾ ಸುಲಭಕ್ಕೆ ಬಾಗಿಲು ತೆರೆಯುವ ಪೈಕಿ ಅಲ್ಲ. ಪ್ರಾಯದಲ್ಲಿ ದ್ರಾಕ್ಷಿ ಕೊಯ್ಯುವ ಹೆಂಗಸರನ್ನು ಕಟ್ಟಿಕೊಂಡು ಕೂಲಿ ಹೆಚ್ಚಿಸಿ ಅಂತ ರಸ್ತೆಗೆ ಅಡ್ಡ ಕೂತವಳು. ರಾಜಿಗೆ ಬಂದ ಜಮೀನ್ದಾರನ ಮುಖಕ್ಕೆ ಕದ ಬಡಿದಳು. ಕೂಲಿಯಿಲ್ಲದೆ ಆ ಚಳಿಗಾಲ ಪೂರ್ತಿ ಗೆಡ್ಡೆ ಬೇಯಿಸಿಕೊಂಡು ತಿಂದಳು.

ಈ ವಸಂತದಲ್ಲಿ ಬೆಟ್ಟದ ಪಕ್ಕೆ ಸೀಳಿ ಬೆಂಕಿಯ ಹೊಳೆ ಹೊರಟಿತು. ಅದರದು ತುಂಬು ಬಸುರಿಯ ನಡಿಗೆ. ಮೇಲೆ ಕಪ್ಪು ಹೆಪ್ಪು, ಒಳಗೆ ಕೆಂಡ. ಕುಂಬಾರನ ಗಾಡಿ ನಿಧಾನಕ್ಕೆ ಮಗುಚುತ್ತಲೇ ಇರುವಂಥ ಸದ್ದು.

ಸರ್ಕಾರದವರು ಬಂದು ಮನೆ ಬಿಡಿ ಅಂದರು. ವೆನೆರಾ ನೆಲ ಒರೆಸಿದಳು. ಮೇಜಿಗೆ ಒಗೆದ ಬಟ್ಟೆ ಹಾಸಿ ರೊಟ್ಟಿ, ವೈನು ಇಟ್ಟಳು. ಬೆಟ್ಟ ಅಷ್ಟು ದೂರದಿಂದ ಬರುವವಳು, ದಣಿದಿರುತ್ತಾಳೆ. ಕದ ತೆರೆದಿಟ್ಟು ತಮ್ಮ ಸಾಂತೋನ ಗಾಡಿ ಹತ್ತಿದಳು.

ಚರ್ಚಿನ ಬಯಲು ಮುಟ್ಟಿದ ಮೇಲೆ ಸಾಂತೋ ಜೇಬಿನಿಂದ ಕೀಲಿಕೈ ತೆಗೆದ.

“ನೀನು ಬಾಗಿಲು ಹಾಕೋದೇ ಮರೆತಿದ್ದೆ ಅಕ್ಕಾ. ನಾನೇ ಬೀಗ ಜಡಿದು ಬಂದೆ.”

“ಲೇ ಕತ್ತೆ! ಊಟಕ್ಕಿಟ್ಟು ಬೀಗ ಹಾಕ್ತಾರೇನೋ? ಕರೆದು ಉಗಿದಂಗಾಗಲ್ವಾ?”

“ಕಳ್ಳರು ಬಂದ್ರೆ?”

“ಕಾಲು ಸುಟ್ಕೊಂಡು ನನ್ನ ಹಳೇ ಪಾತ್ರೆ ಕದೀತಾರಾ?”

ಕೀಲಿಕೈ ಕಿತ್ತುಕೊಂಡು ನಡೆದೇಬಿಟ್ಟಳು. ತಿರುವಿನಲ್ಲಿ ಕಾವಲಿನವನು ಅಡ್ಡ ನಿಂತ.

“ಮುಂದೆ ಹೋಗಂಗಿಲ್ಲ ಅಜ್ಜಿ. ಆರ್ಡರ್ ಆಗಿದೆ.”

“ಇಂಥ ಆರ್ಡರ್ ಮೇಲೆ ಕೂತು ಎದ್ದವಳಪ್ಪಾ ನಾನು. ಹೊತ್ಕೊಂಡು ಹೋಗ್ತೀಯೋ, ಜೊತೆಗೆ ಬರ್ತೀಯೋ?”

ಕೀಲಿಕೈ ನೋಡಿದೊಡನೆ ಅವನಿಗೆ ವಿಷಯ ತಿಳಿಯಿತು. ಅವನೂ ಇದೇ ಇಳಿಜಾರಿನವನೇ; ಮನೆಗೆ ಬರುವ ಬೆಟ್ಟಕ್ಕೆ ಕದ ಮುಚ್ಚಬಾರದೆಂಬ ರೂಢಿ ಅವನ ಮನೆಯಲ್ಲೂ ಇತ್ತು. ಗೊಣಗುತ್ತಾ ಜೊತೆಗೆ ಹೊರಟ.

ಬೂದಿ ಜರಡಿ ಹಿಟ್ಟಿನಂತೆ ಉದುರುತ್ತಿತ್ತು. ಮಧ್ಯಾಹ್ನಕ್ಕೆ ಮುಸ್ಸಂಜೆಯ ಬಣ್ಣ ಬಂದಿತ್ತು. ಹೊಗೆಯ ಮೇಲೆ ತೇಲುತ್ತಿದ್ದ ಹಿಮದ ನೆತ್ತಿ ಗುಲಾಬಿಯಾಗಿ, ಯಾರದೋ ನಿದ್ದೆಯೊಳಗಿನ ಬೆಟ್ಟದಂತೆ ಕಂಡಿತು. ಅಂಗಳದ ಗೋಡೆಯಾಚೆ ಅಂಜೂರದ ಮರ ತಾನಾಗಿ ಹೊತ್ತಿಕೊಂಡಿತು. ಕಾದ ಬೀಗವನ್ನು ವೆನೆರಾ ಲಂಗದ ಅಂಚಿನಲ್ಲಿ ಹಿಡಿದು ತಿರುಗಿಸಿದಳು. ಎರಡೂ ಕದ ಹಾರು ಹೊಡೆದು ಹಿಂದೆ ಸರಿದಳು.

ದಿಬ್ಬದ ಮೇಲಿಂದ ನೋಡಿದರು. ಬೆಂಕಿ ಅಂಗಳ ದಾಟಿ ಹೊಸ್ತಿಲಲ್ಲಿ ತುಸು ತಡೆದು, ಆಮೇಲೆ ಬಗ್ಗಿ ಒಳಗೆ ಹೋಯಿತು. ಸೂರು ಉಸ್ಸೆಂದು ಕುಳಿತಿತು.

ಹಿಂದೆಯೇ ಏದುತ್ತಾ ಬಂದಿದ್ದ ಸಾಂತೋ ಅಳತೊಡಗಿದ. “ಹೋಯ್ತಲ್ಲಕ್ಕಾ ಮನೆ!”

“ಹೋಯ್ತು. ಸಿಂಬಳ ಒರಸ್ಕೋ. ನಿನ್ನ ಹೆಂಡ್ತಿಗೆ ಹೇಳು, ನಾನು ಬೆಟ್ಟ ಕಾಣೋ ಕಿಟಕಿ ಪಕ್ಕ ಮಲಗ್ತೀನಿ.”