ಹೂಂ ಅಂದವರು ಯಾರು

ಆಸ್ಪತ್ರೆಯ ನೆಲಮಾಳಿಗೆಯಲ್ಲಿ, ಬಟ್ಟೆ ಒಗೆಯುವ ವಿಭಾಗದಲ್ಲಿ, ಅವಳನ್ನು ಎಲ್ಲರೂ ಗಂಜಿಯಕ್ಕ ಅನ್ನುತ್ತಾರೆ. ಬಟ್ಟೆಗೆ ಗಂಜಿ ಹಾಕುವುದು ಅವಳ ಕೆಲಸವಲ್ಲ. ಅವಳದು ಇಸ್ತ್ರಿ ಯಂತ್ರ. ಎರಡು ಬಿಸಿ ಉರುಳೆಗಳ ನಡುವೆ ಒದ್ದೆ ಹಾಸನ್ನು ತೂರಿಸಬೇಕು. ಆ ಕಡೆ ಅದು ಗರಿಗರಿಯಾಗಿ ಬರುತ್ತದೆ, ಈ ಕಡೆ ನಿಂತವರ ಮುಖ ಬೇಯುತ್ತದೆ. ಇಪ್ಪತ್ತಾರು ವರ್ಷದಿಂದ ಅಲ್ಲೇ ನಿಂತಿದ್ದಾಳೆ. ಹೆಸರು ಬಂದದ್ದು ಸ್ವಭಾವಕ್ಕೆ. ಮುರಿದರೂ ಮುರಿದಾಳು, ಬಗ್ಗುವವಳಲ್ಲ ಎಂದು ಮೇಸ್ತ್ರಿ ಸಿಟ್ಟಿನಲ್ಲಿ ಅಂದದ್ದು ಅಂಟಿಕೊಂಡಿತು. ಅವಳು ಅದನ್ನು ಬಹುಮಾನವೆಂದೇ ಇಟ್ಟುಕೊಂಡಳು.

ಮನೆಯಲ್ಲಿ ಅವಳ ಜೊತೆ ಇರುವುದು ದೊಡ್ಡಕ್ಕ ಒಬ್ಬಳೇ. ಇಬ್ಬರಿಗೂ ಮದುವೆಯಾಗಲಿಲ್ಲ. ಯಾಕೆ ಎಂದು ಕೇಳಿದವರಿಗೆ ಗಂಜಿಯಕ್ಕನದು ಒಂದೇ ಉತ್ತರ: "ಪುರುಸೊತ್ತಾಗ್ಲಿಲ್ಲ." ದೊಡ್ಡಕ್ಕ ಬಸ್ ನಿಲ್ದಾಣದಲ್ಲಿ ಮೈಕು ಹಿಡಿದು ಬಸ್ಸುಗಳ ಹೊತ್ತು ಕೂಗುತ್ತಿದ್ದವಳು. ಅಷ್ಟು ಜನ ನೂಕಾಡುವ ನಿಲ್ದಾಣಕ್ಕೆ ಇಪ್ಪತ್ತು ವರ್ಷ ಅವಳದೇ ದನಿ. ಮೊದಲು ಮರೆವು ಬಂತು. ಆಮೇಲೆ ಮಾತು ಕಡಿಮೆಯಾಯಿತು. ಎರಡು ವರ್ಷದ ಹಿಂದೆ ಒಂದು ಬೆಳಗ್ಗೆ ನಿಂತೇಹೋಯಿತು. ಅವತ್ತಿನಿಂದ ಕೆಮ್ಮು ಬಿಟ್ಟರೆ ಆ ಗಂಟಲಿಂದ ಸದ್ದಿಲ್ಲ. "ಒಳಗೆ ಯಾರೂ ಇಲ್ಲ ಅಂತ ತಿಳ್ಕೊಳ್ಳಿ" ಎಂದು ಡಾಕ್ಟರು ಬಾಡಿಗೆ ಮನೆಯ ವಿಷಯ ಹೇಳುವ ಹಾಗೆ ಹೇಳಿದ್ದರು.

ಗಂಜಿಯಕ್ಕ ಕೆಲಸಕ್ಕೆ ಹೋದಾಗ ಕೆಳಮನೆಯಾಕೆ ಒಂದು ಗಂಟೆಗೆ ಬಂದು ದೊಡ್ಡಕ್ಕನಿಗೆ ಊಟ ಮಾಡಿಸಿ ಹೋಗುತ್ತಾಳೆ. ಉಳಿದ ಹೊತ್ತಿಗೆ ದಿಂಬಿನ ಪಕ್ಕ ಒಂದು ಹಳೇ ಫೋನು. ಎರಡು ಸಲ ಗಂಟೆ ಬಡಿದರೆ ತಾನೇ ಎತ್ತಿಕೊಂಡು ಕೋಣೆಗೆಲ್ಲ ಕೇಳುವಂತೆ ಮಾತಾಡುವ ಹಾಗೆ ಅದನ್ನು ಸರಿಮಾಡಿಸಿಟ್ಟಿದ್ದಳು. ದಿನಾ ಹನ್ನೊಂದಕ್ಕೆ ಉರುಳೆ ಬಿಟ್ಟು ಬಂದು, ಬೆವರೊರೆಸಿಕೊಂಡು, "ಅಕ್ಕಾ, ನಾನು ಕಣೇ. ಇದ್ದೀಯಾ?" ಎಂದು ಕೇಳುತ್ತಿದ್ದಳು. ಫ್ಯಾನಿನ ಸದ್ದು ಕೇಳಿಸುತ್ತಿತ್ತು. ಅಷ್ಟೇ ಸಾಕೆಂದು ಇಡುತ್ತಿದ್ದಳು.

ಗಂಜಿಯಕ್ಕನ ಬ್ಯಾಂಕಿನ ಪಟ್ಟಿಯಲ್ಲಿ ಆ ಸಾಲನ್ನು ಮೊದಲು ನೋಡಿದ್ದು ಅಣ್ಣನ ಮಗ. ಅಣ್ಣ ಸತ್ತ ಮೇಲೆ ಮನೆ ಅವನ ಹೆಸರಿಗೆ ಬಂದಿದೆ. ದೊಡ್ಡಕ್ಕನ ಕಾಗದಪತ್ರಕ್ಕೆ ರುಜು ಹಾಕುವವನೂ ಅವನೇ. ಕೆಟ್ಟವನಲ್ಲ. ಕೆಟ್ಟವನಾಗಿದ್ದರೆ ಗಂಜಿಯಕ್ಕನಿಗೆ ಸುಲಭವಿತ್ತು, ಜಗಳ ಆಡಿ ಬರುತ್ತಿದ್ದಳು.

"ಸಣ್ಣತ್ತೆ, ಇದೇನಿದು? ವಾರಕ್ಕೊಂದ್ಸಲ ನಲವತ್ತೊಂಬತ್ತು. ಏಳು ತಿಂಗಳಿಂದ ಹೋಗ್ತಾ ಇದೆ."

ಅವಳು ಕನ್ನಡಕ ಹಾಕಿಕೊಂಡು ನೋಡಿದಳು. ಬಾಲ ಕತ್ತರಿಸಿದ ಇಂಗ್ಲಿಷ್ ಅಕ್ಷರಗಳು. ಕೆ, ಟಿ, ಎಚ್, ಜಿ, ಎಲ್. "ನನಗೇನು ಗೊತ್ತು? ಯಾವನೋ ಕಳ್ಳ."

"ಕಳ್ಳ ವಾರವಾರ ಹೇಳಿ ಬಂದು ನಲವತ್ತೊಂಬತ್ತೇ ಎತ್ಕೊಂಡು ಹೋಗ್ತಾನಾ? ಇದು ಚಂದಾ. ನೀವೇ ಒಪ್ಪಿರ್ತೀರಿ. ಮರೆತಿದ್ದೀರಿ." ಅವನು ದನಿ ತಗ್ಗಿಸಿದ. "ದೊಡ್ಡತ್ತೆಗೂ ಹೀಗೇ ಅಲ್ವಾ ಶುರುವಾಗಿದ್ದು?"

ಅವನ ಚೀಲದಲ್ಲಿ ಒಂದು ಅರ್ಜಿ ಇತ್ತು. ವೃದ್ಧರನ್ನು ನೋಡಿಕೊಳ್ಳುವ ಒಂದು ಕಡೆ ಮಂಚ ಖಾಲಿಯಿದೆ, ಭಾನುವಾರದೊಳಗೆ ಹೇಳಬೇಕು ಎಂದ. ಇಷ್ಟು ದಿನ ಸಣ್ಣತ್ತೆ ಗಟ್ಟಿಯಾಗಿದ್ದರು, ಸರಿ. ಈಗ ಮರೆಯುವ ಒಬ್ಬರ ಕೈಗೆ ಮರೆತ ಇನ್ನೊಬ್ಬರನ್ನು ಒಪ್ಪಿಸಿ ತಾನು ಹೇಗೆ ನಿದ್ದೆ ಮಾಡುವುದು ಎಂದೂ ಕೇಳಿದ. ಗಂಜಿಯಕ್ಕ ಅವನು ಹೇಳಿದ್ದರಲ್ಲಿ ಸುಳ್ಳು ಎಲ್ಲಿದೆ ಎಂದು ಹುಡುಕುತ್ತಿದ್ದಳು.

ಮಾರನೆಯ ದಿನ ಅರ್ಧ ರಜೆ ಹಾಕಿ ಬ್ಯಾಂಕಿಗೆ ಹೋದಳು. ಮೂರನೇ ಕಿಟಕಿಯ ಗುಮಾಸ್ತೆ ಚುರುಕು ಹೆಂಗಸು.

"ಅಮ್ಮ, ಇದು ಕಥಾ ಗೆಳತಿ ಅಂತ. ಫೋನ್ ಮಾಡಿ ಕತೆ ಹೇಳೋ ಸೇವೆ. ಒಂದ್ಸಲ ಒಪ್ಪಿದ್ರೆ ಬೇಡ ಅನ್ನೋವರೆಗೂ ಕಡಿತಾನೇ ಇರುತ್ತೆ. ನಾವು ಇಲ್ಲಿ ತಡೀಬಹುದು. ಆದ್ರೆ ಅವರ ಪುಸ್ತಕದಲ್ಲೂ ರದ್ದಾಗ್ಬೇಕು, ಇಲ್ಲಾಂದ್ರೆ ಬಾಕಿ ಅಂತ ಬೆನ್ನು ಬೀಳ್ತಾರೆ. ಮೊದ್ಲು ಕೇಳಿ: ನಾನು ಒಪ್ಪಿದ್ದಕ್ಕೆ ಸಾಕ್ಷಿ ಏನು ಅಂತ."

"ನಾನು ಒಪ್ಪೇ ಇಲ್ಲ."

"ಅದನ್ನೇ ಕೇಳಿ."

ಅಲ್ಲೇ ನಿಂತು ಫೋನ್ ಮಾಡಿದರು. ತುಂಬಾ ಹೊತ್ತು ಸಂಗೀತ ಕೇಳಿಸಿ ಕೊನೆಗೆ ಒಬ್ಬ ಮನುಷ್ಯ ಸಿಕ್ಕಿದ. ಗಂಜಿಯಕ್ಕನ ಎರಡನೇ ಫೋನ್ ನಂಬರಿನಿಂದ ಒಪ್ಪಿಗೆ ಬಂದಿದೆ, ರದ್ದು ಮಾಡುವುದಿದ್ದರೆ ಆ ಫೋನಿನಿಂದಲೇ ಮಾಡಬೇಕು ಎಂದು ಒಂದು ನಂಬರು ಕೊಟ್ಟ. ದನಿಯ ಮುದ್ರಣವೂ ಇದೆ, ಕೇಳಿಸುತ್ತೇನೆ ಎಂದ. ಎರಡನೇ ನಂಬರು ಎಂದರೆ ದಿಂಬಿನ ಪಕ್ಕದ ಫೋನು. ಗುಮಾಸ್ತೆ ಸದ್ದು ಹೆಚ್ಚಿಸಿದಳು.

ಮೊದಲು ಫ್ಯಾನಿನ ಸದ್ದು. ಸುತ್ತಿಗೊಮ್ಮೆ ಕಿರ್ರ್ ಅನ್ನುವ ಅದೇ ಫ್ಯಾನು. ಅಡುಗೆಮನೆಯ ನಲ್ಲಿ ತೊಟ್ಟಿಕ್ಕುತ್ತಿತ್ತು. ಕೆಳಮನೆಯ ಬಾಗಿಲು ದಢಾರ್ ಎಂದು ಮುಚ್ಚಿಕೊಂಡಿತು. ತಾನು ಇಲ್ಲದಾಗ ತನ್ನ ಮನೆ ಹೇಗೆ ಸದ್ದು ಮಾಡುತ್ತದೆ ಎಂದು ಗಂಜಿಯಕ್ಕ ಕಿವಿಗೊಟ್ಟು ಕೇಳಿದ್ದು ಅದೇ ಮೊದಲು. ಬೆನ್ನ ಮೇಲೆ ಯಾರೋ ಒದ್ದೆ ಹಾಸು ಹೊದಿಸಿದಂತಾಯಿತು.

ಆಮೇಲೆ ಒಂದು ನಯವಾದ ಹೆಣ್ಣುದನಿ. ಎಲ್ಲೂ ಉಸಿರು ಎಳೆದುಕೊಳ್ಳದ ದನಿ.

"ತಂಗಿ ಬೆಳಗ್ಗೆ ಹೋದವಳು ಇನ್ನೂ ಬಂದಿರಲಿಲ್ಲ. ಅಕ್ಕ ಬಾಗಿಲನ್ನೇ ನೋಡುತ್ತಿದ್ದಳು. ಕೇಳ್ತಿದ್ದೀರಾ?"

ನಲ್ಲಿಯ ಹನಿ.

"ಹೂಂ."

ಗಂಜಿಯಕ್ಕ ಕಿಟಕಿಯ ಕಟ್ಟೆ ಹಿಡಿದುಕೊಂಡಳು. ಅದು ಅವಳದೇ ದನಿ.

"ಇವತ್ತಿನ ಬಿಟ್ಟಿ ಕತೆ ಇಲ್ಲಿಗೆ ಮುಗೀತು. ಭಾನುವಾರ ಬಿಟ್ಟು ದಿನಾ ಇದೇ ಹೊತ್ತಿಗೆ ಕತೆ ಮುಂದುವರಿಸಲು ವಾರಕ್ಕೆ ನಲವತ್ತೊಂಬತ್ತು. ಹೇಳಲೇ?"

"ಹೂಂ."

ಗುಮಾಸ್ತೆ ಅವಳ ಮುಖ ನೋಡಲಿಲ್ಲ, ಕಾಗದ ನೋಡಿದಳು. "ಕತೆ ಎಲ್ರಿಗೂ ಒಂದೇ ಇರುತ್ತೆ ಅಮ್ಮ. ಹೆದರ್ಬೇಡಿ. ಕತೆ ಕೇಳೋರು ಹೂಂಗುಡ್ತಾರೆ, ಅಭ್ಯಾಸ. ಅದನ್ನೇ ಇವ್ರು ಒಪ್ಪಿಗೆ ಅಂತ ಬರ್ಕೊಂಡಿದ್ದಾರೆ. ಮುಂದೆ ಹೇಳು ಅನ್ನೋಕೂ ಹೂಂ, ದುಡ್ಡು ತಗೋ ಅನ್ನೋಕೂ ಹೂಂ. ಹಗಲು ದರೋಡೆ." ಆಮೇಲೆ ಮೆಲ್ಲಗೆ ಕೇಳಿದಳು. "ನೀವೇ ಅಲ್ವಾ ಮಾತಾಡಿರೋದು?"

"ಎಷ್ಟು ಹೊತ್ತಿಗೆ ಅಂತ ಕೇಳು."

ಮಧ್ಯಾಹ್ನ ಮೂರೂ ಹತ್ತು. ಭಾನುವಾರ ಬಿಟ್ಟು ದಿನವೂ ಮೂರೂ ಹತ್ತು. ಆ ಹೊತ್ತಿಗೆ ಗಂಜಿಯಕ್ಕ ಎರಡು ಮೈಲಿ ಆಚೆ ಉರುಳೆಯ ಮುಂದೆ ಇರುತ್ತಾಳೆ. ಹಾಜರಿ ಪುಸ್ತಕವಿದೆ, ಮೇಸ್ತ್ರಿಯ ಬೈಗುಳವಿದೆ. ಹಾಗಾದರೆ ದನಿ ಯಾರದು? ಚಿಕ್ಕಂದಿನಲ್ಲಿ ಕತ್ತಲೆ ಕೋಣೆಯಲ್ಲಿ ಅಕ್ಕತಂಗಿಯರು ಮಾತಾಡಿದರೆ ಅವ್ವನಿಗೇ ಯಾರು ಯಾರೆಂದು ಗೊತ್ತಾಗುತ್ತಿರಲಿಲ್ಲ. ಬಸ್ಸಿಗೆ ಕಾದು ನಿಂತು ಮೈಕಿನಲ್ಲಿ ಅಕ್ಕ ಕೂಗುವುದನ್ನು ಕೇಳಿದಾಗ ತಾನೇ ಎಲ್ಲೋ ಮೇಲೆ ನಿಂತು ಕೂಗುತ್ತಿದ್ದೇನೆ ಅನ್ನಿಸುತ್ತಿತ್ತು.

ಒಳಗೆ ಯಾರೂ ಇಲ್ಲ ಎಂದಿದ್ದರಲ್ಲ. ಏಳು ತಿಂಗಳಿಂದ ಯಾರೋ ಇದ್ದರು. ತಂಗಿ ಕರೆದರೆ ಬಾರದವರು, ಯಂತ್ರ ಕರೆದರೆ ಬರುತ್ತಿದ್ದರು.

ಮನೆಗೆ ಬಂದಾಗ ದೊಡ್ಡಕ್ಕ ಸೂರು ನೋಡುತ್ತ ಮಲಗಿದ್ದಳು. ಗಂಜಿಯಕ್ಕ ಚಪ್ಪಲಿ ಬಿಚ್ಚದೆ ಮಂಚದ ಮೇಲೆ ಕೂತಳು.

"ಮಾತಾಡ್ತೀಯಂತೆ. ನನ್ನ ಹತ್ರ ಏನು ರೋಗ ನಿಂಗೆ? ನಾನೂ ವಾರಕ್ಕೆ ನಲವತ್ತೊಂಬತ್ತು ತಗೋಬೇಕಿತ್ತಾ?"

ಸೂರು ನೋಡುವ ಕಣ್ಣು ಮಿಟುಕಲಿಲ್ಲ.

ಭಾನುವಾರ ಅಣ್ಣನ ಮಗ ಅರ್ಜಿ ತೆಗೆದುಕೊಂಡು ಬಂದ. ಗಂಜಿಯಕ್ಕ ಎಲ್ಲ ಹೇಳಿದಳು. ಅವನು ತಾಳ್ಮೆಯಿಂದ ಕೇಳಿಸಿಕೊಂಡ. ಆ ತಾಳ್ಮೆ ನೋಡಿಯೇ ಅವಳಿಗೆ ಗೊತ್ತಾಯಿತು, ನಂಬಿಲ್ಲ.

"ಅತ್ತೆ, ದೊಡ್ಡತ್ತೆ ಮಾತಾಡಿದ್ರು ಅಂತೀರಾ? ಎರಡು ವರ್ಷ ಆದ್ಮೇಲೆ? ಇದನ್ನ ಹೊರಗೆ ಯಾರ ಹತ್ರನೂ ಹೇಳ್ಬೇಡಿ."

"ಬಾ ಇಲ್ಲಿ. ಈ ಕುರ್ಚೀಲಿ ಕೂತ್ಕೋ. ನನ್ನ ತುಟಿ ನೋಡ್ತಾ ಇರು, ಬೇರೆಲ್ಲೂ ನೋಡ್ಬೇಡ."

ದಿಂಬಿನ ಪಕ್ಕದ ಫೋನಿನಿಂದಲೇ ರದ್ದು ಮಾಡುವ ನಂಬರು ಒತ್ತಿದಳು. ಭಾನುವಾರ ಅಲ್ಲಿ ಮನುಷ್ಯರಿಲ್ಲ. ಅದೇ ಉಸಿರಿಲ್ಲದ ದನಿ ಕೋಣೆ ತುಂಬಿತು.

"ನಮಸ್ಕಾರ. ನಿಮ್ಮ ಚಂದಾ ರದ್ದು ಮಾಡಲು ಕರೆ ಮಾಡಿದ್ದೀರಿ. ರದ್ದು ಮಾಡಿದರೆ ನಾಳೆಯಿಂದ ಕತೆ ಇರುವುದಿಲ್ಲ. ರದ್ದು ಮಾಡಲೇ? ಹೌದಾದರೆ ಹೂಂ ಎನ್ನಿ."

ಗಂಜಿಯಕ್ಕ ಹಲ್ಲು ಕಚ್ಚಿ ಕೂತಳು. ಫ್ಯಾನು ಕಿರ್ರ್ ಅಂದಿತು. ಅಣ್ಣನ ಮಗ ಅವಳ ತುಟಿ ನೋಡಿ ಸಾಕಾಗಿ ಕೈಗಡಿಯಾರ ನೋಡಿಕೊಂಡ.

"ನಿಮ್ಮ ಉತ್ತರ ಕೇಳಿಸಲಿಲ್ಲ. ರದ್ದು ಮಾಡಲೇ?"

ದಿಂಬಿನ ಕಡೆಯಿಂದ ಉಸಿರು ಎಳೆದುಕೊಂಡ ಸದ್ದಾಯಿತು. ನೀರು ಬಾರದ ನಲ್ಲಿ ಮೊದಲು ಗಾಳಿ ಕಾರುವಂತೆ.

"ಊ... ಹೂಂ."

ಅಣ್ಣನ ಮಗ ಎದ್ದ ರಭಸಕ್ಕೆ ಕುರ್ಚಿ ಹಿಂದಕ್ಕೆ ಬಿತ್ತು. ದೊಡ್ಡಕ್ಕನ ಕಣ್ಣು ಸೂರಿನ ಮೇಲಿರಲಿಲ್ಲ. ಫೋನಿನ ಮೇಲಿತ್ತು. ತುಟಿ ಇನ್ನೂ ಅದುರುತ್ತಿತ್ತು.

"ಧನ್ಯವಾದ" ಅಂದಿತು ಯಂತ್ರ. "ನಿಮ್ಮ ಒಪ್ಪಿಗೆಯಂತೆ ಚಂದಾ ರದ್ದಾಗಿದೆ."

ಅರ್ಥವಾಗಲು ಇಬ್ಬರಿಗೂ ಸ್ವಲ್ಪ ಹೊತ್ತು ಬೇಕಾಯಿತು. ದೊಡ್ಡಕ್ಕ ಬೇಡ ಅಂದಿದ್ದಳು. ಯಂತ್ರದ ಕಿವಿಗೆ ಅವಳ ಮಾತಿನ ಕೊನೆಯ ಅರ್ಧ ಮಾತ್ರ ಬಿದ್ದಿತ್ತು, ಆ ಅರ್ಧಕ್ಕೆ ಹೌದು ಎಂದೇ ಅರ್ಥ. ಎರಡು ವರ್ಷದ ಮೇಲೆ ಮನೆಯವರ ಮುಂದೆ ಆಡಿದ ಒಂದೇ ಮಾತು, ಅದೂ ತಿರುಗುಮುರುಗಾಗಿ ದಾಖಲಾಯಿತು.

ಅಣ್ಣನ ಮಗ ಅರ್ಜಿಯನ್ನು ನಾಲ್ಕು ಮಡಿಕೆ ಮಾಡಿ ಜೇಬಿಗಿಟ್ಟ. "ನಾನು ಕೇಳಿಸ್ಕೊಂಡೆ ಸಣ್ಣತ್ತೆ" ಎಂದ. "ಇನ್ನು ಆ ಮಾತು ಎತ್ತಲ್ಲ." ಬಾಗಿಲ ತನಕ ಹೋಗಿ, ತಿರುಗಿ ನೋಡದೆ, ಮೆಟ್ಟಿಲಿಳಿದ. ಹೆದರಿದ್ದ.

ಸೋಮವಾರ ಗಂಜಿಯಕ್ಕ ಕೆಲಸಕ್ಕೆ ಹೋಗಲಿಲ್ಲ. ಗೆದ್ದಿದ್ದಳು: ಅಕ್ಕ ಮನೆಯಲ್ಲೇ ಉಳಿದಳು, ತನ್ನ ತಲೆಯೂ ನೆಟ್ಟಗಿದೆ. ಆದರೂ ಎರಡೂವರೆಯಿಂದ ಮಂಚದ ಪಕ್ಕ ಕೂತಿದ್ದಳು. ಮೂರು ಗಂಟೆಗೆ ದೊಡ್ಡಕ್ಕನ ಕತ್ತು ಮೆಲ್ಲಗೆ ಫೋನಿನತ್ತ ತಿರುಗಿತು. ಅದು ತಿರುಗುವುದನ್ನು ಗಂಜಿಯಕ್ಕ ನೋಡಿದ್ದು ಇವತ್ತೇ. ದಿನಾ ತಿರುಗುತ್ತಿತ್ತೇನೋ.

ಮೂರೂ ಹತ್ತಾಯಿತು. ಫೋನು ಬಡಿಯಲಿಲ್ಲ.

"ನಾನು ಹೇಳ್ತೀನಿ ಕೇಳು" ಎಂದು ಗಂಜಿಯಕ್ಕ ಗಂಟಲು ಸರಿಮಾಡಿಕೊಂಡಳು. ಅವಳಿಗೆ ಕತೆ ಎಲ್ಲಿ ಬರುತ್ತದೆ? ಮುಷ್ಕರದ ವರ್ಷ ಮೇಸ್ತ್ರಿಯ ಪಂಚೆ ಉರುಳೆಗೆ ಸಿಕ್ಕಿದ್ದನ್ನು ಹೇಳತೊಡಗಿದಳು. ಊರೆಲ್ಲ ನಕ್ಕ ಕತೆ ಅದು. ನಡುವೆ ನಿಲ್ಲಿಸಿ ಕೇಳಿದಳು: "ಕೇಳ್ತಿದ್ದೀಯಾ?"

ಫ್ಯಾನು ಕಿರ್ರ್ ಅಂದಿತು.

ಮತ್ತೆ ಕೇಳಿದಳು. ದೊಡ್ಡಕ್ಕ ಫೋನನ್ನೇ ನೋಡುತ್ತಿದ್ದಳು, ನಿಲ್ದಾಣದಲ್ಲಿ ಕೊನೆಯ ಬಸ್ಸು ತಪ್ಪಿದವರು ರಸ್ತೆ ನೋಡುವ ಹಾಗೆ. ಮೂರೂವರೆ ಆಯಿತು. ಕಣ್ಣಿನ ಅಂಚಿನಿಂದ ಒಂದು ಗೆರೆ ನೀರು ಇಳಿದು ಕಿವಿಗೆ ಹೋಯಿತು.

"ಹಾಳಾಗಿ ಹೋಗು" ಎಂದು ಗಂಜಿಯಕ್ಕ ಫೋನು ಎತ್ತಿಕೊಂಡು ನಿನ್ನೆಯ ನಂಬರನ್ನೇ ಒತ್ತಿದಳು.

"ಚಂದಾ ಮತ್ತೆ ಶುರು ಮಾಡಲೇ? ಹೌದಾದರೆ ಹೂಂ ಎನ್ನಿ."

ಮಂಚದಿಂದ ಸದ್ದಿಲ್ಲ. ಕಾಯಲು ಗಂಜಿಯಕ್ಕನಿಗೆ ಆಗಲಿಲ್ಲ.

"ಹೂಂ" ಎಂದಳು. ತನ್ನ ಬಾಯಿಂದ ಬಂದ ಅದನ್ನು ಕೇಳಿ ತಾನೇ ಬೆಚ್ಚಿದಳು. ಬ್ಯಾಂಕಿನಲ್ಲಿ ಕೇಳಿದ್ದು ಇದೇ.

"ಧನ್ಯವಾದ. ಅಕ್ಕ ಬಾಗಿಲನ್ನೇ ನೋಡುತ್ತಿದ್ದಳು. ಹೊಸ್ತಿಲ ಹೊರಗೆ ಹೆಜ್ಜೆ ಸದ್ದಾಯಿತು. ಕೇಳ್ತಿದ್ದೀರಾ?"

"ಹೂಂ" ಅಂದಳು ದೊಡ್ಡಕ್ಕ. ಸ್ಪಷ್ಟವಾಗಿ, ಆರಾಮಾಗಿ, ನಿನ್ನೆ ಮೊನ್ನೆಯೂ ಮಾತಾಡಿಕೊಂಡಿದ್ದವಳಂತೆ. ಅವಳ ಜೊತೆಗೇ, ತಿಳಿಯದೆಯೇ, ಗಂಜಿಯಕ್ಕನೂ ಹೂಂಗುಟ್ಟಿದ್ದಳು.

ಯಂತ್ರ ಒಂದು ಗಳಿಗೆ ನಿಂತಿತು.

"ಇವತ್ತು ಇಬ್ಬರು ಕೇಳುತ್ತಿದ್ದೀರಿ. ಇಬ್ಬರಿಗೆ ವಾರಕ್ಕೆ ತೊಂಬತ್ತೆಂಟು. ಮುಂದುವರಿಸಲೇ?"

ಗಂಜಿಯಕ್ಕ ಒಂದು ಕೈಯಿಂದ ತನ್ನ ಬಾಯಿ ಒತ್ತಿ ಹಿಡಿದಳು. ಇನ್ನೊಂದು ಕೈ ದೊಡ್ಡಕ್ಕನ ಬಾಯಿಯತ್ತ ಹೊರಟು, ಅರ್ಧ ದಾರಿಯಲ್ಲಿ ನಿಂತಿತು.