ತವರಿನ ತಾಂಬೂಲ

ಹೊಸೂರಿನ ಆಲಸನತ್ತದ ನೀರಿನ ಟ್ಯಾಂಕಿನ ಹಿಂದಿನ ಬೀದಿಯಲ್ಲಿ ರಾಮಲಕ್ಷ್ಮಮ್ಮನ ಮನೆ ಯಾವುದೆಂದು ಕೇಳಿದರೆ ಜನ ಬಾಯಿಬಿಟ್ಟು ಹೇಳುತ್ತಿರಲಿಲ್ಲ, ಗದ್ದ ಎತ್ತಿ ತೋರಿಸುತ್ತಿದ್ದರು. ಹಾಗೆ ತೋರಿಸಿದವರೇ ಅಂಗಡಿ ತೆರೆಯುವ ದಿನ, ಮಗುವಿಗೆ ಹೆಸರಿಡುವ ದಿನ ಅವಳ ಬಾಗಿಲಿಗೆ ಹೋಗಿ, ಬಂದು ಹರಸಬೇಕು ಅಮ್ಮಾ ಎಂದು ಕೈಮುಗಿಯುತ್ತಿದ್ದರು. ಗಂಡಾಗಿ ಹುಟ್ಟಿ ಹೆಣ್ಣಾಗಿ ಬಾಳುವವರ ಆಶೀರ್ವಾದ ಫಲಿಸುತ್ತದೆ, ಶಾಪ ತಟ್ಟುತ್ತದೆ ಎಂಬ ನಂಬಿಕೆ ಆ ಸೀಮೆಯಲ್ಲಿ ಗಟ್ಟಿಯಾಗಿತ್ತು. ಪಕ್ಕದ ಮನೆಯಲ್ಲಿ ಮಾತ್ರ ಇರಬಾರದು, ಅಷ್ಟೇ. ಯಾರಿಗಾದರೂ ಸಿಟ್ಟು ಬರಬೇಕಾದ ವಿಷಯ ಇದು, ರಾಮಲಕ್ಷ್ಮಮ್ಮನಿಗೆ ಬರುತ್ತಿರಲಿಲ್ಲ. ಕರೆದರಲ್ಲ, ಸಾಕು ಎನ್ನುವ ಹೆಂಗಸು ಅವಳು. ಈ ಗುಣವೇ ಕೊನೆಗೆ ಅವಳಿಗೆ ಮುಳುವಾಯಿತು.

ಅವಳು ಹುಟ್ಟಿದ್ದು ಜವಳಗಿರಿಯ ಕಾಡಂಚಿನಲ್ಲಿ, ನಂಜಪ್ಪನೆಂಬ ರಾಗಿ ಬೆಳೆಯುವವನ ಎರಡನೆಯ ಮಗನಾಗಿ. ಹದಿನಾರಕ್ಕೆ ಮನೆಯಿಂದ ಹೊರಬಿದ್ದಳು. ಬೆಂಗಳೂರಿನಲ್ಲಿ ತನ್ನಂಥವರ ಮನೆಯೊಂದಕ್ಕೆ ಮಗಳಾಗಿ ಸೇರಿ ಹದಿನೆಂಟು ವರ್ಷ ಕಳೆದು, ಸಾಕಿದ ಅಮ್ಮ ತೀರಿಕೊಂಡ ಮೇಲೆ ಹೊಸೂರಿಗೆ ಬಂದು ತಾನೇ ಒಂದು ಮನೆ ಹೂಡಿದಳು. ಅವರಲ್ಲಿ ಮನೆ ಎಂದರೆ ಒಬ್ಬ ಅಮ್ಮ ಮತ್ತು ಅವಳನ್ನು ಅಮ್ಮನೆಂದು ಒಪ್ಪಿ ಬಂದ ಮಕ್ಕಳು. ಬಂದ ಮಗಳಿಗೆ ಅಮ್ಮ ಸೀರೆ ಕೊಡಬೇಕು, ಹೆಸರು ಕೊಡಬೇಕು, ಜ್ವರ ಬಂದರೆ ಗಂಜಿ ಕಾಯಿಸಬೇಕು, ಅಡ್ಡದಾರಿ ಹಿಡಿದರೆ ನಾಲ್ಕು ಬಾರಿಸಬೇಕು. ರಾಮಲಕ್ಷ್ಮಮ್ಮ ಈ ನಾಲ್ಕರಲ್ಲಿ ಯಾವುದಕ್ಕೂ ಕಡಿಮೆ ಮಾಡಿದವಳಲ್ಲ.

ಅವಳ ಹೆತ್ತ ತಾಯಿ ಸತ್ತದ್ದು ಅವಳಿಗೆ ಗೊತ್ತಾದದ್ದು ಬಸ್‌ಸ್ಟ್ಯಾಂಡಿನಲ್ಲಿ ಹೂ ಮಾರುವ ಜವಳಗಿರಿಯ ಹೆಂಗಸೊಬ್ಬಳ ಬಾಯಿಂದ. ಅಷ್ಟು ಹೊತ್ತಿಗೆ ತಿಥಿಯೂಟ ಮುಗಿದು ಮೂರು ತಿಂಗಳಾಗಿತ್ತು. ಅವತ್ತು ಅವಳು ಅಲ್ಲೇ ಕಲ್ಲುಬೆಂಚಿನ ಮೇಲೆ ಕೂತು ಹೋಗಿಬರುವವರ ಮುಂದೆ ಗೋಳೋ ಎಂದು ಅತ್ತಳು. ಮನೆಗೆ ಬಂದು ಮಕ್ಕಳನ್ನೆಲ್ಲ ಕೂರಿಸಿಕೊಂಡು ಒಂದು ಕಟ್ಟಳೆ ಮಾಡಿದಳು. ನಿಮ್ಮಲ್ಲಿ ಯಾರಿಗಾದರೂ ತವರಿಂದ ಕರೆ ಬಂದರೆ ಇಲ್ಲ ಎನ್ನಬಾರದು. ಕರೆಯಲು ಬಂದವರು ಎಂಥವರೇ ಆಗಿರಲಿ, ಬೀಗರ ಹಾಗೆ ಕೂರಿಸಿ ತಾಂಬೂಲ ಕೊಡಬೇಕು. ಮಕ್ಕಳು ತಲೆಯಾಡಿಸಿದರು. ಹದಿನಾಲ್ಕು ವರ್ಷದಲ್ಲಿ ಒಂದು ಕರೆಯೂ ಬರಲಿಲ್ಲ. ಕಟ್ಟಳೆ ಮಾತ್ರ ಉಳಿದಿತ್ತು.

ಪದ್ಮಶ್ರೀ ಅವಳ ಕೊನೆಯ ಮಗಳು. ಉದ್ದನಪಲ್ಲಿಯ ಹುಡುಗಿ, ಇಪ್ಪತ್ತೆರಡು ವರ್ಷ. ಊರಿನಲ್ಲಿ ಅವಳ ಹೆಸರು ವೆಂಕಿ. ಹಗಲು ಪ್ಯಾಂಟು ಶರ್ಟು ತೊಟ್ಟು, ಭುಜದವರೆಗೆ ಬೆಳೆಸಿದ ಕೂದಲನ್ನು ಟೋಪಿಯೊಳಗೆ ತುರುಕಿ, ಕಾರ್ಖಾನೆಯೊಂದರ ಪ್ಯಾಕಿಂಗಿನಲ್ಲಿ ದುಡಿಯುತ್ತಿದ್ದಳು. ಶಿಫ್ಟ್ ಮುಗಿಸಿ ಬಂದು ಸೀರೆ ಸುತ್ತಿಕೊಂಡ ಮೇಲೆಯೇ ಅವಳಿಗೆ ಮಾತು ಹೊರಡುತ್ತಿದ್ದದ್ದು.

ಅವಳ ಮೈಯೊಳಗೆ ಏನೋ ಇತ್ತು. ಪ್ರತಿ ಸಂಕ್ರಾಂತಿಗೆ ಕೃಷ್ಣಗಿರಿಯಲ್ಲಿ ಒಂದು ಮದುವೆ ಛತ್ರ ಹಿಡಿದು ಇವರೆಲ್ಲ ನಡಿಗೆ ಪಂದ್ಯ ನಡೆಸುತ್ತಿದ್ದರು. ಹೊಸೂರಿನ ಮನೆ, ಧರ್ಮಪುರಿಯ ಮನೆ, ಬೆಂಗಳೂರಿನ ನಾಲ್ಕೈದು ಮನೆಗಳು. ಅಮ್ಮಂದಿರು ಮುಂದಿನ ಸಾಲಿನಲ್ಲಿ ಗತ್ತಿನಿಂದ ಕೂರುತ್ತಿದ್ದರು. ಮೈಕಿನಲ್ಲಿ ಮನೆಯ ಹೆಸರು ಕೂಗಿದ ಕೂಡಲೇ ಆ ಮನೆಯ ಮಗಳು ಕುರ್ಚಿಗಳ ನಡುವಿನ ದಾರಿಯಲ್ಲಿ ನಡೆದು ಬರಬೇಕು. ಮದುಮಗಳ ನಡಿಗೆ, ಆಫೀಸಿನ ಮೇಡಂ ನಡಿಗೆ, ಎಲ್ಲಕ್ಕಿಂತ ನಗೆಯೆಬ್ಬಿಸುವ ಗಂಡಸಿನ ನಡಿಗೆ. ಇಷ್ಟು ದಿನ ಬೀದಿಯಲ್ಲಿ ಏಟು ತಪ್ಪಿಸಿಕೊಳ್ಳಲು ಕಲಿತ ಗಂಡಸಿನ ವೇಷವನ್ನು ಅಲ್ಲಿ ಆಟಕ್ಕೆ ಹಾಕಿ ತೋರಿಸುತ್ತಿದ್ದರು. ಕಡೆಯದು ತಮಟೆಯ ಪಂದ್ಯ. ಬಡಿತಕ್ಕೆ ಕುಣಿಯುತ್ತಿದ್ದು, ತಮಟೆ ಥಟ್ಟನೆ ನಿಂತ ಕಡೆ ಮೈಯೂ ನಿಲ್ಲಬೇಕು, ನಿಂತ ಭಂಗಿ ನೋಡಿದವರ ಉಸಿರು ಕಟ್ಟಿಸಬೇಕು. ಪದ್ಮಶ್ರೀ ಭಂಗಿ ಕಲಿತದ್ದು ಜವಳಿ ಅಂಗಡಿಯ ಗಾಜಿನೊಳಗಿನ ಗೊಂಬೆಗಳಿಂದ, ದೇವಿಯರ ಕ್ಯಾಲೆಂಡರಿನಿಂದ. ಎರಡು ಸಾವಿರದ ಆರರ ಸಂಕ್ರಾಂತಿಗೆ ಅವಳು ಗಂಡಸಿನ ನಡಿಗೆಯನ್ನೂ ತಮಟೆಯನ್ನೂ ಎರಡನ್ನೂ ಗೆದ್ದಳು. ಹೊಸೂರು ರಾಮಲಕ್ಷ್ಮಮ್ಮನ ಮನೆ ಎಂದು ಮೈಕು ಎರಡು ಸಲ ಕೂಗಿದಾಗ ಮುಂದಿನ ಸಾಲಿನ ಈ ಮುದುಕಿ ಸೆರಗಿನಿಂದ ಮೂಗು ಒರೆಸಿಕೊಂಡಳು.

ವಿಡಿಯೋ ತೆಗೆಯಲು ಬಂದವನಿಗೆ, ಇದು ನಮ್ಮೊಳಗೇ ಇರಬೇಕು ಕಣಪ್ಪ ಎಂದು ಹೇಳಿದ್ದರು. ಅವನೂ ಆಗಲಿ ಅಂದಿದ್ದ. ಹದಿನೈದು ದಿನಕ್ಕೆ ಅವನ ಸೀಡಿ ಊರೂರಿನ ಕೇಬಲ್ ಟೀವಿಯಲ್ಲಿ ಮಧ್ಯಾಹ್ನದ ಹೊತ್ತು ಓಡುತ್ತಿತ್ತು. ಕಾರ್ಖಾನೆಯಲ್ಲಿ ಯಾರೋ ಪದ್ಮಶ್ರೀಯ ಟೋಪಿ ಕಿತ್ತು ನಕ್ಕರು. ಮಾರನೆಯ ದಿನ ಅವಳು ಕೆಲಸಕ್ಕೆ ಹೋಗಲಿಲ್ಲ. ಅದರ ಮಾರನೆಯ ದಿನ ಅವಳ ಅಣ್ಣ ಅಶ್ವತ್ಥಪ್ಪ ಬಂದ.

ದೊಣ್ಣೆ ಹಿಡಿದು ಬಂದಿದ್ದರೆ ರಾಮಲಕ್ಷ್ಮಮ್ಮನಿಗೆ ಏನು ಮಾಡಬೇಕೆಂದು ಗೊತ್ತಿತ್ತು. ಸೆರಗು ಸೊಂಟಕ್ಕೆ ಸಿಕ್ಕಿಸಿ ಬೀದಿಗಿಳಿದು ಚಪ್ಪಾಳೆ ತಟ್ಟಿದ್ದರೆ ಅರ್ಧ ಆಲಸನತ್ತ ಬಾಗಿಲು ಹಾಕಿಕೊಳ್ಳುತ್ತಿತ್ತು. ಅವನು ತಟ್ಟೆ ಹಿಡಿದು ಬಂದಿದ್ದ. ವೀಳ್ಯದೆಲೆ, ಅಡಿಕೆ, ಒಂದು ಚಿಪ್ಪು ಬಾಳೆಹಣ್ಣು, ಒಂದು ರವಿಕೆ ಬಟ್ಟೆ. ಚಪ್ಪಲಿ ಬಾಗಿಲಾಚೆ ಬಿಟ್ಟು ಒಳಗೆ ಬಂದು ಅವಳ ಕಾಲಿಗೆ ನಮಸ್ಕಾರ ಮಾಡಿದ.

"ಟೀವೀಲಿ ನೋಡ್ದೊ ಕಣಮ್ಮ. ಊರೆಲ್ಲಾ ನೋಡ್ತು. ನಮ್ಮಮ್ಮ ಲಕ್ಷ್ಮೀದೇವಮ್ಮ ಮೂರು ದಿನ ಅನ್ನ ಮುಟ್ಲಿಲ್ಲ. ಆಮ್ಯಾಕೆ, ಎಂಗಿದ್ರೂ ನನ್ನ ಹೊಟ್ಟೇಲಿ ಹುಟ್ಟಿದ್ದಲ್ವಾ, ಕರ್ಕೊಂಡ್ ಬಾ, ಅರಿಸಿನ ಕುಂಕುಮ ಕೊಟ್ಟು ಕಳಿಸ್ತೀನಿ ಅಂದ್ಳು. ಎಂಟು ದಿನ ಇದ್ದು ಬರ್ಲಿ. ನಾನೇ ತಂದು ಬಿಡ್ತೀನಿ."

ರಾಮಲಕ್ಷ್ಮಮ್ಮ ಎರಡೂ ಕೈ ಚಾಚಿ ತಟ್ಟೆ ತೆಗೆದುಕೊಂಡಳು. ಹದಿನಾಲ್ಕು ವರ್ಷ ಕಾದ ತಟ್ಟೆ ಅದು, ತನಗಲ್ಲದಿದ್ದರೂ ತನ್ನ ಮಗಳಿಗೆ ಬಂದದ್ದು.

"ಅವ್ಳ ಕುಣಿತ ನೋಡುದ್ರಾ?" ಎಂದು ಹೆಮ್ಮೆಯಿಂದ ಕೇಳಿದಳು.

"ಗಂಡಸ್ರ ನಡಿಗೇನೂ ನಡೆದ್ನಲ್ಲ, ಅದನ್ನ ನೋಡ್ದೊ," ಎಂದ ಅಶ್ವತ್ಥಪ್ಪ. "ಅದು ನೋಡಿ ನಮ್ಗೆಲ್ಲಾ ಸ್ವಲ್ಪ ಧೈರ್ಯ ಬಂತು."

ಅವಳು ಅದನ್ನು ಹೊಗಳಿಕೆಯೆಂದು ತಿಳಿದು ನಕ್ಕಳು. ಆ ಮಾತಿನೊಳಗೆ ಏನಿದೆ ಎಂದು ಬೇರೆ ಯಾರಾದರೂ ಒಂದು ಗಳಿಗೆ ಯೋಚಿಸುತ್ತಿದ್ದರೇನೋ. ತವರಿನ ತಾಂಬೂಲ ಕಂಡ ಮೇಲೆ ಯೋಚಿಸುವ ಶಕ್ತಿ ಅವಳಂಥವರಲ್ಲಿ ಉಳಿಯುವುದಿಲ್ಲ.

ದೊಡ್ಡ ಮಗಳು ಸಹನಾ ಅಡುಗೆಮನೆಗೆ ಅವಳನ್ನು ಎಳೆದುಕೊಂಡು ಹೋಗಿ ಪಿಸುಗುಟ್ಟಿದಳು. "ಕಾಫಿ ಲೋಟ ಕೈಯಾಗೆ ಇಟ್ಕೊಂಡು ಆರ್ಸಿ ಕೆಳಗಿಟ್ಟ ನೋಡಮ್ಮ. ಒಂದು ತೊಟ್ಟೂ ಕುಡೀಲಿಲ್ಲ. ಟ್ಯಾಂಕ್ ತಾವ ವ್ಯಾನ್ ನಿಂತೈತೆ, ಅದ್ರಲ್ಲಿ ಇನ್ನಿಬ್ರು ಅವ್ರೆ, ಇಳೀತಾನೇ ಇಲ್ಲ."

"ಹೊಸ ಜಾಗ ಕಣೆ, ಸಂಕೋಚ ಅವ್ರಿಗೆ," ಎಂದಳು ರಾಮಲಕ್ಷ್ಮಮ್ಮ.

ಪದ್ಮಶ್ರೀ ಗೋಡೆಗೆ ಆತು ನಿಂತಿದ್ದಳು. ಅಣ್ಣ ಬಂದಾಗಿನಿಂದ ಒಂದು ಸಲವೂ ಅವಳ ಮುಖ ನೋಡಿರಲಿಲ್ಲ. "ಅಮ್ಮ, ಯಾಕೋ ಕಾಲೇ ಮುಂದುಕ್ಕೆ ಬರ್ತಿಲ್ಲ," ಎಂದಳು.

"ತವರು ಕರೆದ್ರೆ ಹೋಗ್ಬೇಕು ಕಣೆ. ನಂಗೊಂದ್ ಸಲ ಕರೆ ಬಂದಿದ್ರೆ ಜವಳಗಿರೀಗೆ ನಡ್ಕೊಂಡೇ ಹೋಗ್ಬುಡ್ತಿದ್ದೆ." ತಾನೇ ಮಗಳ ತಲೆ ಬಾಚಿದಳು, ಹೂ ಮುಡಿಸಿದಳು, ಪಂದ್ಯ ಗೆದ್ದ ಕೆಂಪು ಸೀರೆ ಉಡಿಸಿದಳು. ಊರಿನಲ್ಲಿದ್ದ ಅಕ್ಕನ ಮಗಳು ಮುನಿಲಕ್ಷ್ಮಿ ಎಂದರೆ ಪದ್ಮಶ್ರೀಗೆ ಪ್ರಾಣ, ಎತ್ತಿ ಆಡಿಸಿ ಬೆಳೆಸಿದ ಹುಡುಗಿ. ಅವಳಿಗೆಂದು ರಾಮಲಕ್ಷ್ಮಮ್ಮ ಒಂದು ಡಜನ್ ಬಳೆ ಕೊಂಡು ತಂದು ಚೀಲಕ್ಕೆ ಹಾಕಿದಳು. ವ್ಯಾನಿನ ಬಾಗಿಲು ಒಳಗಿನಿಂದ ತೆರೆಯಿತು, ಪದ್ಮಶ್ರೀ ಹತ್ತಿದ ಕೂಡಲೇ ಜೋರಾಗಿ ಮುಚ್ಚಿಕೊಂಡಿತು.

ಅವತ್ತು ಸಂಜೆಯೇ ಪದ್ಮಶ್ರೀಯ ಮೊಬೈಲು ಸ್ವಿಚ್ ಆಫ್ ಆಯಿತು. ಹಳ್ಳಿಯಲ್ಲಿ ಟವರ್ ಸಿಗುವುದಿಲ್ಲ ಎಂದಳು ರಾಮಲಕ್ಷ್ಮಮ್ಮ. ನಾಲ್ಕನೆಯ ದಿನ, ಚಾರ್ಜರ್ ಇಲ್ಲೇ ಬಿಟ್ಟು ಹೋಗಿದ್ದಾಳೆ ಎಂದಳು. ಆರನೆಯ ದಿನದಿಂದ ಬೀದಿಯಲ್ಲಿ ವ್ಯಾನಿನ ಸದ್ದಾದರೆ ಎದ್ದು ಬಾಗಿಲಿಗೆ ಹೋಗುತ್ತಿದ್ದಳು. ಎಂಟನೆಯ ದಿನ ಕತ್ತಲಾಗುವವರೆಗೆ ಬಾಗಿಲಲ್ಲೇ ಕೂತಿದ್ದು, ಒಂಬತ್ತನೆಯ ದಿನ ಬೆಳಿಗ್ಗೆ ಸಹನಾಳನ್ನು ಕರೆದುಕೊಂಡು ಬಸ್ಸು ಹತ್ತಿದಳು. ಬರಿಗೈಯಲ್ಲಿ ಹೋಗಬಾರದೆಂದು ಲಕ್ಷ್ಮೀದೇವಮ್ಮನಿಗೆ ಒಂದು ಸೀರೆ, ಹಣ್ಣು, ಹೂ ಹಿಡಿದಿದ್ದಳು. ಇಷ್ಟರ ಮೇಲೂ ಅವಳು ಬೀಗಿತಿಯಾಗಿಯೇ ಹೊರಟಿದ್ದು.

ಉದ್ದನಪಲ್ಲಿಯಲ್ಲಿ ಇಳಿದಾಗ ವಾಲಗ ಕೇಳಿಸಿತು. ಮಾಘ ಮಾಸ, ಎಲ್ಲಿ ನೋಡಿದರೂ ಮದುವೆ. ಬೀದಿ ತಿರುಗಿದ ಮೇಲೆ ಚಪ್ಪರ ಕಂಡಿತು, ಚಪ್ಪರದ ಮುಂದೆ ಫ್ಲೆಕ್ಸ್ ಕಂಡಿತು. ಕೋಟು ಹಾಕಿದ ಯಾರದೋ ಮೈಗೆ ಪದ್ಮಶ್ರೀಯ ಹಳೆಯ ಫೋಟೋದ ತಲೆ ಅಂಟಿಸಿದ್ದರು. ಕುತ್ತಿಗೆಯ ಬಣ್ಣವೂ ಮುಖದ ಬಣ್ಣವೂ ಬೇರೆ ಬೇರೆಯಾಗಿದ್ದವು. ಪಕ್ಕದಲ್ಲಿ ಜಡೆ ಹಾಕಿದ ಒಬ್ಬ ಹುಡುಗಿ. ತಮಿಳಿನಲ್ಲಿದ್ದ ಹೆಸರುಗಳನ್ನು ಸಹನಾ ಓದಿ ಹೇಳಿದಳು: ವೆಂಕಟೇಶ್, ಮುನಿಲಕ್ಷ್ಮಿ.

ಸೋದರಮಾವನಿಗೆ ಅಕ್ಕನ ಮಗಳನ್ನು ತರುವುದು ಅಲ್ಲಿ ಹೊಸದಲ್ಲ. ಹೊರಗಿನವರಿಗೆ ಉತ್ತರ ಹೇಳಬೇಕಿಲ್ಲ, ಮನೆಯ ಮಾತು ಮನೆಯಲ್ಲೇ ಮುಗಿಯುತ್ತದೆ. ರಾಮಲಕ್ಷ್ಮಮ್ಮನ ಕೈಯಿಂದ ಹಣ್ಣಿನ ಚೀಲ ಕೆಳಗೆ ಬಿತ್ತು. ಫ್ಲೆಕ್ಸ್ ಒಂದೆರಡು ದಿನದ್ದಲ್ಲ, ಆಗಲೇ ಬಿಸಿಲಿಗೆ ಮಾಸಿತ್ತು. ತಟ್ಟೆ ಹಿಡಿದು ಬರುವಾಗಲೇ ಅಶ್ವತ್ಥಪ್ಪ ದಿನ ಗೊತ್ತುಮಾಡಿಕೊಂಡು ಬಂದಿದ್ದ. ತಲೆ ಬಾಚಿ, ಹೂ ಮುಡಿಸಿ, ತನ್ನ ಕೈಯಾರೆ ಅವಳನ್ನು ವ್ಯಾನು ಹತ್ತಿಸಿದ್ದು ತಾನು.

ಚಪ್ಪರದಲ್ಲಿ ಇವರನ್ನು ಕಂಡವರು ಮುಖ ಅರಳಿಸಿ ದಾರಿ ಬಿಟ್ಟರು. "ಮಂಗಳಮುಖೀರು ತಾವಾಗೇ ಬಂದವ್ರೆ, ಒಳ್ಳೇದಾಯ್ತು," ಎಂದಳು ಒಬ್ಬ ಮುದುಕಿ. ಅಶ್ವತ್ಥಪ್ಪ ಓಡಿ ಬರಲಿಲ್ಲ. ನಿಧಾನವಾಗಿ ನಡೆದು ಬಂದು ಕೈಮುಗಿದ.

"ಮೂರ್ತದ ಹೊತ್ಗೆ ಬಂದ್ರಿ. ಹರಸಿ ಹೋಗಿ ಅಮ್ಮ. ನೀವೇ ಅಲ್ವಾ ಕಳಿಸ್ಕೊಟ್ಟಿದ್ದು." ಆಮೇಲೆ ದನಿ ತಗ್ಗಿಸಿದ. "ನಮ್ಮ ಹುಡುಗನ್ನ ಕೆಡ್ಸಿ ಮಡಿಕ್ಕೊಂಡಿದ್ರು ಅಂತ ಕಂಪ್ಲೇಂಟ್ ಬರ್ದು ಇಟ್ಟಿದೀನಿ. ನಿಮ್ ಮನೇಲಿರೋರ ಹೆಸರೆಲ್ಲಾ ಐತೆ ಅದ್ರಲ್ಲಿ. ಇನ್ನೂ ಸ್ಟೇಷನ್ನಿಗೆ ಕೊಟ್ಟಿಲ್ಲ."

ಅವನು ಅವಳನ್ನು ಹಸೆಯ ಹತ್ತಿರಕ್ಕೇ ಕರೆದುಕೊಂಡು ಹೋದ. ಪದ್ಮಶ್ರೀ ಬಿಳಿ ಪಂಚೆ, ಶಲ್ಯದಲ್ಲಿ ಕೂತಿದ್ದಳು. ಬೋಳಿಸುವುದೊಂದು ಬಿಟ್ಟು ತಲೆಗೂದಲನ್ನೆಲ್ಲ ಕತ್ತರಿಸಿದ್ದರು. ಮೂಗುತಿಯ ತೂತಿಗೆ ಅರಿಸಿನ ಮೆತ್ತಿದ್ದರು. ಕಂಕಣದ ಕೆಳಗೆ ಎರಡೂ ಮಣಿಕಟ್ಟಿನಲ್ಲಿ ಹಗ್ಗದ ಗುರುತು ಸುತ್ತಲೂ ಕಪ್ಪಾಗಿತ್ತು. ಹಿಂದೆ ಇಬ್ಬರು ಗಂಡಸರು ನಿಂತಿದ್ದರು, ವ್ಯಾನಿನಿಂದ ಇಳಿಯದೆ ಇದ್ದವರು ಅವರೇ ಇರಬೇಕು.

ಅಷ್ಟರಲ್ಲಿ ಮಾಂಗಲ್ಯದ ತಟ್ಟೆ ಬಂತು. ಕಟ್ಟುವ ಮೊದಲು ಅದನ್ನು ನೆರೆದವರ ಮುಂದೆ ಹಿಡಿದು, ಮುಟ್ಟಿ ಹರಸಿ ಎನ್ನುವುದು ಪದ್ಧತಿ. ಎಲ್ಲರೂ ಮುಟ್ಟಿ ತಟ್ಟೆ ರಾಮಲಕ್ಷ್ಮಮ್ಮನ ಮುಂದೆ ನಿಂತಿತು. ಅವಳು ಮುಟ್ಟಲಿಲ್ಲ. ತಟ್ಟೆಯನ್ನೇ ಕೈಗೆ ತೆಗೆದುಕೊಂಡಳು. ಆ ತಾಳಿಯ ಮೇಲೆ ಅವಳು ಒಂದು ಕೆಟ್ಟ ಮಾತು ಆಡಿದರೆ ಆ ಊರಿನಲ್ಲಿ ಯಾರೂ ಅದನ್ನು ಹುಡುಗಿಯ ಕೊರಳಿಗೆ ಕಟ್ಟಲು ಬಿಡುತ್ತಿರಲಿಲ್ಲ. ಅಶ್ವತ್ಥಪ್ಪನ ಮುಖದಲ್ಲಿ ಮೊದಲ ಸಲ ಬೆವರು ಕಂಡಿತು.

ಹೇಳಿಬಿಡುತ್ತೇನೆ ಎಂದೇ ಅವಳು ಬಾಯಿ ತೆರೆದಳು. ಅದಕ್ಕೂ ಮೊದಲು, ಏನೂ ಅರಿಯದ ಹುಡುಗಿಯ ಮೇಲೆ ಶಾಪ ಬೀಳಬಾರದೆಂದು, ಮುನಿಲಕ್ಷ್ಮಿಯ ಕಡೆ ಬಾಗಿ ಅವಳ ಕಿವಿಯಲ್ಲಿ ಕೇಳಿದಳು.

"ನಿಂಗೆ ಗೊತ್ತಾ ಮಗ, ನಿಮ್ಮಾವ ಎಂಥೋರು ಅಂತ?"

"ಗೊತ್ತು," ಎಂದಳು ಹುಡುಗಿ ತಲೆ ಎತ್ತದೆ. ವಾಲಗದ ಸದ್ದಿನಲ್ಲಿ ಅವಳ ದನಿ ಇವಳೊಬ್ಬಳಿಗೇ ಕೇಳುವಷ್ಟಿತ್ತು. "ಮಾವನ್ನ ಕೊಟ್ಟಿಗೇಲಿ ಕಟ್ಟಾಕಿದ್ರು. ನಾನು ಒಲ್ಲೆ ಅಂದ್ರೆ, ಇಲ್ಲಾ ಮದ್ವೆ ನಿಂತ್ರೆ, ಗಿಡಕ್ಕೊಡೆಯೋ ಔಷ್ದಿ ಕುಡ್ಸ್ತಾರಂತೆ. ತಾನೇ ಕುಡ್ದ ಅಂತ ಹೇಳ್ತಾರಂತೆ. ನೀವು ಏನೂ ಮಾತಾಡ್ಬೇಡಿ ಅಮ್ಮ."

ರಾಮಲಕ್ಷ್ಮಮ್ಮ ಪದ್ಮಶ್ರೀಯ ಕಡೆ ನೋಡಿದಳು. ಪದ್ಮಶ್ರೀ ಹೋಮದ ಹೊಗೆಯನ್ನು ನೋಡುತ್ತಿದ್ದಳು. ಶಾಪ ಹಾಕಿದರೆ ಮದುವೆ ನಿಲ್ಲುತ್ತದೆ, ಊರೆಲ್ಲ ನಡುಗುತ್ತದೆ, ಇವಳ ಮಾತು ಗೆಲ್ಲುತ್ತದೆ. ಸಂಜೆಯ ಬಸ್ಸಿಗೆ ಇವಳು ಹೊರಟುಹೋದ ಮೇಲೆ ಕೊಟ್ಟಿಗೆಯಲ್ಲಿ ಮಗಳ ಬಾಯಿಗೆ ಬಟ್ಟಲು ಹಿಡಿಯುವವರನ್ನು ತಡೆಯಲು ಯಾರೂ ಇರುವುದಿಲ್ಲ. ಅಳಲಿಲ್ಲ, ಅತ್ತರೂ ಅಪಶಕುನವಾಗುತ್ತಿತ್ತು.

"ಅವಳನ್ನ ಉಳಿಸ್ಕೊ ಮಗ," ಎಂದಳು ಹುಡುಗಿಯ ಕಿವಿಯಲ್ಲಿ.

ಮುನಿಲಕ್ಷ್ಮಿ ತಲೆಯಾಡಿಸಿದಳು. ರಾಮಲಕ್ಷ್ಮಮ್ಮ ತಾಳಿಯನ್ನು ಎತ್ತಿ ಎರಡೂ ಕಣ್ಣಿಗೆ ಒತ್ತಿಕೊಂಡು ತಟ್ಟೆಯಲ್ಲಿಟ್ಟಳು. ಕೈ ಮೇಲೆತ್ತಿ, ಚಪ್ಪರದ ಕೊನೆಯವರಿಗೂ ಕೇಳುವ ಹಾಗೆ, ನೂರು ಕಾಲ ಬಾಳಿ ಎಂದು ಹರಸಿದಳು. ಅಶ್ವತ್ಥಪ್ಪ ಉಸಿರು ಬಿಟ್ಟು ವಾಲಗದವರಿಗೆ ಕೈ ಮಾಡಿದ, ಗಟ್ಟಿಮೇಳ ಶುರುವಾಯಿತು. ಹಿಂದಿದ್ದವನು ತೋಳು ಹಿಡಿದು ಎಬ್ಬಿಸಿದ ಮೇಲೆ ಪದ್ಮಶ್ರೀ ಎದ್ದು ಬಗ್ಗಿ ಮೂರು ಗಂಟು ಹಾಕಿದಳು. ಹಾಕಿ ಮುಗಿಯುವವರೆಗೂ ಮುನಿಲಕ್ಷ್ಮಿ, ಯಾರಿಗೂ ಕಾಣದ ಹಾಗೆ, ಅವಳ ಶಲ್ಯದ ಚುಂಗನ್ನು ಮುಷ್ಟಿಯಲ್ಲಿ ಬಿಗಿಯಾಗಿ ಹಿಡಿದುಕೊಂಡಿದ್ದಳು.