ಖಾದರ್ ಚಾಚಾನ ಎರಡು ಬೆರಳು

ಯಾರ ಮಾತಾದರೂ ಉದ್ದವಾಯಿತೆಂದರೆ ಖಾದರ್ ಚಾಚಾ ಎರಡು ಬೆರಳೆತ್ತಿ ಗಾಳಿಯಲ್ಲಿ ಕತ್ತರಿ ಆಡಿಸುತ್ತಿದ್ದರು. ರಾಣೆಬೆನ್ನೂರಿನ ಚಹಾದಂಗಡಿಯಲ್ಲಿ ಅವರೆದುರು ಮೊಣಕಾಲು ನೋವಿನ ಕಥೆಯನ್ನು ಪೂರ್ತಿ ಹೇಳಿ ಮುಗಿಸಿದವರು ಯಾರೂ ಇಲ್ಲ.

ಹರೆಯದಲ್ಲಿ ಬೆಂಗಳೂರಿಗೆ ಹೋಗಿ ಸಿನಿಮಾಕ್ಕೆ ಕ್ಯಾಮೆರಾ ಹಿಡಿದವರು, ಆಮೇಲೆ ಸಂಕಲನದ ಕೋಣೆ ಸೇರಿದವರು. ತಾವೇ ತೆಗೆದ ಒಂದು ಸಿನಿಮಾದಲ್ಲಿ, ನೋಡಲು ಬೇಸರವಾಗುತ್ತದೆಂದು ನಾಯಕನನ್ನೇ ಅರ್ಧ ಕತ್ತರಿಸಿ ಹಾಕಿದ್ದರಂತೆ. ನಾಯಕ ನಿರ್ಮಾಪಕರ ಅಳಿಯ. "ಪಿಕ್ಚರ್ ಚೊಲೋ ಆತು ಬೇಟಾ, ನೌಕರಿ ಹೋತು," ಎನ್ನುತ್ತಿದ್ದರು. ಊರಿಗೆ ಮರಳಿ ಮದುವೆಯ ವಿಡಿಯೋ ಮಾಡತೊಡಗಿದರು.

ನಮ್ಮಕ್ಕನ ಮದುವೆ ಬ್ಯಾಡಗಿಯಲ್ಲಿ, ವಿಡಿಯೋ ಚಾಚಾನದೇ. ಕಲ್ಯಾಣ ಮಂಟಪದ ಪಕ್ಕದ ಗೋದಾಮಿನಲ್ಲಿ ಮೆಣಸಿನಕಾಯಿ ಚೀಲ ಇಳಿಸುತ್ತಿದ್ದರು. ಅಕ್ಕಿಕಾಳು ಬೀಳುವ ಹೊತ್ತಿಗೆ ಸರಿಯಾಗಿ ಗಾಳಿ ಇತ್ತ ತಿರುಗಿತು. ಸ್ವಾಮಿಗಳು ಮಂತ್ರದ ನಡುವೆ ಸೀನಿದರು, ಭಾವ ತಾಳಿ ಹಿಡಿದುಕೊಂಡೇ ಸೀನಿದ. ಅಕ್ಕನಿಗೆ ಕಣ್ಣು ತೆರೆಯಲಾಗಲಿಲ್ಲ. ಅಪ್ಪನ ಕೆನ್ನೆಯ ಮೇಲಂತೂ ಧಾರಾಕಾರ ನೀರು.

ಅಕ್ಕನನ್ನು ಗುತ್ತಲಕ್ಕೆ ಗಂಡನ ಮನೆಗೆ ಕಳಿಸುವಾಗ ಮಾತ್ರ ಅದೇ ಅಪ್ಪ, "ಲಗೂ ಹತ್ತವಾ, ಬಿಸಲ ಏರಾಕತ್ತೈತಿ," ಎಂದವನೇ ಕಾರಿನ ಬಾಗಿಲು ಹಾಕಿ ಅಡುಗೆಯವರ ಕಡೆ ನಡೆದುಬಿಟ್ಟ. ಅಕ್ಕನಿಗೆ ಅದು ನಾಟಿತು. "ನನ್ನ ಸಲುವಾಗಿ ಒಂದ ಹನಿ ಬರಲಿಲ್ಲ ಅವಗ," ಎಂದು ಅಪ್ಪನ ಫೋನನ್ನೇ ಎತ್ತದಾದಳು. ಅವ್ವ ಇದನ್ನೆಲ್ಲ ಚಾಚಾನ ಮುಂದೆ ಹೇಳಿಕೊಂಡಳು. ಅಂದು ಅವರ ಬೆರಳು ಏಳಲಿಲ್ಲ.

ವಿಡಿಯೋ ಮೊದಲು ಗುತ್ತಲಕ್ಕೆ ಹೋಯಿತು. ಅದರಲ್ಲಿ ಕಾರಿನ ಬಾಗಿಲು ಮುಚ್ಚಿಕೊಳ್ಳುತ್ತದೆ, ಮರುಗಳಿಗೆಯೇ ಅಪ್ಪ ಗಳಗಳನೆ ಅಳುತ್ತಾನೆ. ಅವನ ಹಿಂದೆ ಸ್ವಾಮಿಗಳು ಸೀನುತ್ತಿದ್ದುದು ಅಕ್ಕನಿಗೆ ಕಾಣಲೇ ಇಲ್ಲ. ಅವಳು ಸಿಕ್ಕ ಬಸ್ಸು ಹತ್ತಿ ತವರಿಗೆ ಬಂದು ಅಪ್ಪನನ್ನು ಅಪ್ಪಿಕೊಂಡಳು. ಅಪ್ಪ ವಿಡಿಯೋ ನೋಡಿ, "ನಾ ಯಾವಾಗ ಹಿಂಗ ಅತ್ತೆ?" ಎಂದು ಬಾಯಿ ತೆರೆದ. ಅಲ್ಲೇ ಕೂತಿದ್ದ ಚಾಚಾನ ಎರಡು ಬೆರಳು ಮೇಲೆದ್ದವು.

ಕೊನೆಯ ಸಲ ನೋಡಲು ಹೋದಾಗ ಚಾಚಾ ಹಾಸಿಗೆ ಹಿಡಿದಿದ್ದರು. "ಆ ಅಳು ಸುಳ್ಳಲ್ಲೇನ್ರಿ ಚಾಚಾ?" ಎಂದು ಕೆಣಕಿದೆ.

"ಸುಳ್ಳಲ್ಲ ಬೇಟಾ, ಜಾಗಾ ಬ್ಯಾರೆ ಅಷ್ಟ. ನಿಮ್ಮಪ್ಪ ಒಲಿ ಹಿಂದ ನಿಂತು ಖರೇನ ಅಳಾಕತ್ತಿದ್ರು. ಕ್ಯಾಮೆರಾ ಹಿಡಕೊಂಡು ಹೋದ್ರ ನನ್ನ ನೋಡಿ ಕೈ ಮುಗದ್ರು. ಬಂದ್ ಮಾಡಿದೆ. ಅದಕ್ಕ ಮೆಣಸಿನಕಾಯಿ ಕಣ್ಣೀರು ತಂದು ಅಲ್ಲಿ ಹಚ್ಚಿದೆ."

ಚಾಚಾ, ನೀವು ಎಂಥ ಮನುಷ್ಯರು ಎಂದು ಏನೇನೋ ಹೇಳತೊಡಗಿದೆ. ಹೊದಿಕೆಯೊಳಗಿಂದ ನಡುಗುತ್ತ ಎರಡು ಬೆರಳು ಹೊರಬಂದವು.

ಈಗ ಚಹಾದಂಗಡಿಯಲ್ಲಿ ಎಲ್ಲರ ಮೊಣಕಾಲಿನ ಕಥೆಯನ್ನೂ ಕೊನೆತನಕ ಕೇಳುತ್ತೇನೆ. ತಡೆಯುವವರು ಯಾರೂ ಇಲ್ಲ.